ಮುಖಕ್ಕಲ್ಲ, ಕೋಣೆಗೆ ಬೆಳಕು ಕೊಟ್ಟ ಕುತಾರ್

1960ರ ಆಸುಪಾಸಿನಲ್ಲಿ ಫ್ರೆಂಚ್ ಸಿನಿಮಾವನ್ನು ಬದಲಿಸಿದ 'ಹೊಸ ಅಲೆ'ಯ ಮಾತು ಬಂದರೆ ಸಾಕು, ನಿರ್ದೇಶಕರಾದ ಗೊದಾರ್, ತ್ರೂಫೋ ಅಂತ ಶುರು ಮಾಡುತ್ತೇವೆ. ಆ ಇಬ್ಬರಿಗೂ ಕ್ಯಾಮೆರಾ ಹಿಡಿದ ರಾವುಲ್ ಕುತಾರ್ ಬಗ್ಗೆ ಹೇಳುವುದು ಮಾತ್ರ ಒಂದೇ ಸಾಲು: 'ಹ್ಯಾಂಡ್‌ಹೆಲ್ಡ್ ಶಾಟ್‌ಗಳ ಕ್ಯಾಮೆರಾಮನ್', ಅಂದರೆ ಕ್ಯಾಮೆರಾವನ್ನು ಕೈಯಲ್ಲೇ ಹಿಡಿದು ಶೂಟ್ ಮಾಡಿದವರು. ಈ ಪರಿಚಯದ ಬಗ್ಗೆ ನನಗೆ ದೊಡ್ಡ ತಕರಾರಿದೆ.

1924ರಲ್ಲಿ ಪ್ಯಾರಿಸ್‌ನಲ್ಲಿ ಹುಟ್ಟಿದ ಕುತಾರ್ ಸಿನಿಮಾ ಶಾಲೆಯಲ್ಲಿ ಕಲಿತವರಲ್ಲ. ಇಂಡೋಚೈನಾ ಯುದ್ಧದಲ್ಲಿ ಸೈನ್ಯದ ಫೋಟೋಗ್ರಾಫರ್ ಆಗಿದ್ದವರು, ಆಮೇಲೆ ಪತ್ರಿಕೆಗಳಿಗೆ ಫೋಟೋ ತೆಗೆದವರು. ರಣರಂಗದಲ್ಲಿ ದೀಪ ಜೋಡಿಸಿಕೊಂಡು ಕೂರುವ ಪುರುಸೊತ್ತು ಯಾರಿಗಿರುತ್ತದೆ? ಇದ್ದ ಬೆಳಕಿನಲ್ಲೇ ಕೆಲಸ ಆಗಬೇಕು. 'ಬ್ರೆತ್‌ಲೆಸ್'ಗೆ (1960) ಗೊದಾರ್‌ಗೆ ಬೇಕಾಗಿದ್ದೂ ಅದೇ. ಆದರೆ ಅಂಥ ಮಂದ ಬೆಳಕನ್ನು ಹಿಡಿಯುವಷ್ಟು ಸ್ಪೀಡ್ (ಬೆಳಕಿಗೆ ಸ್ಪಂದಿಸುವ ಶಕ್ತಿ) ಇರುವ ಸಿನಿಮಾ ಫಿಲ್ಮ್ ಸಿಗಲಿಲ್ಲ. ಸಿಕ್ಕಿದ್ದು ಸ್ಟಿಲ್ ಕ್ಯಾಮೆರಾಗೆಂದು ಇಲ್ಫರ್ಡ್ ಕಂಪನಿ ಮಾರುತ್ತಿದ್ದ ಎಚ್‌ಪಿಎಸ್ ಫಿಲ್ಮು, ಅದೂ 17.5 ಮೀಟರಿನ ಸುರುಳಿಗಳಲ್ಲಿ. ಒಂದೊಂದು ಸುರುಳಿ ಒಂದು ನಿಮಿಷವೂ ಓಡದು. ಅವನ್ನೇ ಒಂದಕ್ಕೊಂದು ಅಂಟಿಸಿ ಕ್ಯಾಮೆಫ್ಲೆಕ್ಸ್ ಕ್ಯಾಮೆರಾಗೆ ತುಂಬಿ ಶೂಟ್ ಮಾಡಿದರು, ಲ್ಯಾಬ್‌ನಲ್ಲಿ ಅದರ ಸ್ಪೀಡ್ ಇನ್ನಷ್ಟು ಏರಿಸಿದರು. ಟ್ರ್ಯಾಕ್ ಹಾಕುವ ಬದಲು ವೀಲ್‌ಚೇರ್ ಮೇಲೆ ಕೂತು ತಳ್ಳಿಸಿಕೊಂಡರು. ಕ್ಯಾಮೆರಾ ಗರಗರ ಸದ್ದು ಮಾಡುತ್ತಿತ್ತು, ಹಾಗಾಗಿ ಮಾತೆಲ್ಲ ಆಮೇಲೆ ಡಬ್ಬಿಂಗ್‌ನಲ್ಲಿ ಸೇರಿತು. ನಾವು 'ಒರಟು ಶೈಲಿ' ಅನ್ನುವುದರ ಹಿಂದೆ ರಸಾಯನಶಾಸ್ತ್ರದ ಇಷ್ಟೊಂದು ಲೆಕ್ಕಾಚಾರವಿದೆ.

ನನ್ನ ಪ್ರಕಾರ ಕುತಾರ್ ಅವರ ದೊಡ್ಡ ಕೊಡುಗೆ ಹ್ಯಾಂಡ್‌ಹೆಲ್ಡ್ ಅಲ್ಲವೇ ಅಲ್ಲ. ಸ್ಟುಡಿಯೋ ಕಾಲದಲ್ಲಿ ದೀಪವನ್ನು ನಟಿಯ ಮುಖಕ್ಕೆ ಹೊಂದಿಸುತ್ತಿದ್ದರು, ಆಕೆ ನೆಲದ ಗುರುತು ಬಿಟ್ಟು ಅಲ್ಲಾಡುವಂತಿರಲಿಲ್ಲ. ಕುತಾರ್ ಬಲ್ಬುಗಳನ್ನು ಛಾವಣಿಯತ್ತ ತಿರುಗಿಸಿ, ಇಡೀ ಕೋಣೆಗೆ ಬೆಳಕು ಬೀಳುವಂತೆ ಮಾಡಿದರು. ನಟರು ಎಲ್ಲಿಗೆ ಬೇಕಾದರೂ ನಡೆಯಬಹುದಾಯಿತು, ಕ್ಯಾಮೆರಾ ಎತ್ತ ಬೇಕಾದರೂ ತಿರುಗಬಹುದಾಯಿತು. (ಹೀಗೆ ಬೆಳಕನ್ನು ಬೇರೆಡೆಗೆ ಬಡಿಸಿ ಹರಡುವ ಬೌನ್ಸ್ ಲೈಟನ್ನು ಅವರಿಗಿಂತ ಮೊದಲೇ ಛಾಯಾಗ್ರಾಹಕ ಸುಬ್ರತ ಮಿತ್ರ ಕಲ್ಕತ್ತೆಯಲ್ಲಿ ಸತ್ಯಜಿತ್ ರಾಯ್ ಅವರ 'ಅಪರಾಜಿತೊ'ಗೆ, ಸೆಟ್ ಮೇಲೆ ಬಟ್ಟೆ ಕಟ್ಟಿ ಮಾಡಿ ತೋರಿಸಿದ್ದರು. ಪಶ್ಚಿಮದವರು ಬರೆದ ಇತಿಹಾಸ ಇದನ್ನು ಎಷ್ಟು ಸಲೀಸಾಗಿ ಮರೆಯುತ್ತದೆ!)

'ಒರಟು' ಎನ್ನುವವರು 1963ರ ಗೊದಾರ್ ಚಿತ್ರ 'ಲ ಮೆಪ್ರಿ' ನೋಡಲಿ. ಕಾಪ್ರಿ ದ್ವೀಪದ ಮಲಪಾರ್ತೆ ಮನೆ, ಅದರ ಅಗಲವಾದ ಮೆಟ್ಟಿಲು, ಸುತ್ತ ನೀಲಿ ಸಮುದ್ರ, ಪರದೆಯ ಉದ್ದಗಲ ತುಂಬಿದ ಸ್ಕೋಪ್ (ಅಗಲ ಪರದೆಯ) ಚೌಕಟ್ಟು. ಆತುರದ ಸುಳಿವೇ ಇಲ್ಲ. ಅದರ ಆರಂಭದಲ್ಲಿ ಟೈಟಲ್‌ಗಳನ್ನು ದನಿಯೊಂದು ಓದಿ ಹೇಳುತ್ತಿರುವಾಗ ಟ್ರ್ಯಾಕ್ ಮೇಲೆ ಕ್ಯಾಮೆರಾ ನಡೆಸಿಕೊಂಡು ಬರುವವರು ಸ್ವತಃ ಕುತಾರ್. ಕೊನೆಗೆ ಆ ಲೆನ್ಸನ್ನು ನಮ್ಮತ್ತಲೇ ತಿರುಗಿಸುತ್ತಾರೆ. ಛಾಯಾಗ್ರಾಹಕನಿಗೆ ಇಂಥ ಮರ್ಯಾದೆ ಕೊಟ್ಟ ಆರಂಭವನ್ನು ನಾನು ಬೇರೆಲ್ಲೂ ಕಂಡಿಲ್ಲ.

'ವೀಕೆಂಡ್' (1967) ಆದ ಮೇಲೆ ಗೊದಾರ್ ಜೊತೆಗಿನ ನಂಟು ಕಡಿದು, 1982ರ 'ಪ್ಯಾಶನ್'ವರೆಗೆ ಇಬ್ಬರೂ ಒಟ್ಟಿಗೆ ಕೆಲಸ ಮಾಡಲಿಲ್ಲ. ನಡುವೆ ಕೋಸ್ಟಾ-ಗವ್ರಾಸ್‌ರ 'ಝಡ್' ಬಂತು. 1970ರಲ್ಲಿ ವಿಯೆಟ್ನಾಂ ಯುದ್ಧದ ನಡುವಿನ ಮಗುವಿನ ಕಥೆ 'ಹೋವಾ-ಬಿನ್' ಅನ್ನು ತಾವೇ ನಿರ್ದೇಶಿಸಿದರು, ಅದು ಆಸ್ಕರ್ ನಾಮನಿರ್ದೇಶನದವರೆಗೂ ಹೋಯಿತು. ಫ್ರಾನ್ಸಿನ ಸೀಸರ್ ಚಿತ್ರ ಪ್ರಶಸ್ತಿ ಬಂದದ್ದು ಹೊಸ ಅಲೆಯ ಯಾವ ಚಿತ್ರಕ್ಕೂ ಅಲ್ಲ, ನೌಕಾಪಡೆಯ ಹಡಗಿನ ಕಥೆ 'ಲ ಕ್ರಾಬ್-ತಂಬೂರ್'ಗೆ (1977). ಅದರ ನಿರ್ದೇಶಕ ಶೋಂಡೋರ್ಫರ್ ಕೂಡ ಇಂಡೋಚೈನಾದಲ್ಲಿ ಕ್ಯಾಮೆರಾ ಹಿಡಿದಿದ್ದವರೇ, ಕುತಾರ್ ಅವರನ್ನು ಸಿನಿಮಾಕ್ಕೆ ಕರೆತಂದವರೂ ಅವರೇ. ಕುತಾರ್ ಅವರನ್ನು ನೋಡಬೇಕೆನ್ನುವವರಿಗೆ ನಾನು ಮೊದಲು ಹೇಳುವುದು ಈ ಚಿತ್ರವನ್ನೇ.