ವಿವಾದಿತ ಸೋದರತ್ತೆ

ನನ್ನ ಸೋದರತ್ತೆ ವಿವಾದಿತ ಪ್ರದೇಶ. ಅವಳಿರುವುದು ಮಹಾರಾಷ್ಟ್ರದ ಸಾಂಗಲಿ ಜಿಲ್ಲೆಯ ಜತ್ತ ತಾಲ್ಲೂಕಿನ ಹಳ್ಳಿಯೊಂದರಲ್ಲಿ. ಆ ಹಳ್ಳಿ ತನ್ನದೆಂದು ಕರ್ನಾಟಕ ಹೇಳುತ್ತದೆ. ನಾನಿರುವುದು ಬೆಳಗಾವಿಯಲ್ಲಿ, ಕೋಟೆಯ ಕಂದಕದಿಂದ ಕೂಗಳತೆಯಲ್ಲಿ; ನಾನು ತನ್ನವನೆಂದು ಮಹಾರಾಷ್ಟ್ರ ಹೇಳುತ್ತದೆ. ಎರಡು ರಾಜ್ಯಗಳು ಕಾದಾಡುವಷ್ಟು ಬೇಕಾದವರು ನಮ್ಮ ವಂಶದಲ್ಲಿ ಹಿಂದೆ ಯಾರೂ ಇರಲಿಲ್ಲ. ಅತ್ತೆಯನ್ನಂತೂ ಸ್ವಂತ ಸೊಸೆಯೂ ತನ್ನವಳೆಂದು ಹೇಳಿಕೊಂಡ ದಾಖಲೆಯಿಲ್ಲ.

2022ರ ಡಿಸೆಂಬರ್ ಮೊದಲ ವಾರದಲ್ಲಿ ಅವಳ ಕಣ್ಣಿನ ಪೊರೆ ತೆಗೆಸಿದ್ದರು. ನೋಡಿಕೊಂಡು ಬರೋಣವೆಂದು ಅರ್ಧ ಕಿಲೊ ಕುಂದಾ ಕಟ್ಟಿಸಿಕೊಂಡು ಬಸ್ ನಿಲ್ದಾಣಕ್ಕೆ ಹೋದೆ. ಅಥಣಿಯ ತನಕ ಬಸ್ಸಿದೆ, ಅಲ್ಲಿಂದ ಮುಂದಿನದು ಹೇಳಲಾಗದು ಎಂದರು. ಏಕೆಂದು ಕೇಳಿದೆ. ಯುದ್ಧ ನಡೆದಿದೆಯಂತೆ.

ಬೆಳಗಾವಿಯವನಿಗೆ ಯುದ್ಧವೆಂದರೆ ಗಾಬರಿಯಾಗುವುದಿಲ್ಲ. ದಂಡು ಬರುವುದು, ಕೂಡುವುದು, ಹೋಗುವುದು ಇಲ್ಲಿ ಮಳೆಗಾಲವಿದ್ದ ಹಾಗೆ. ಇದು ವೇಣುಗ್ರಾಮವಾಗಿದ್ದಾಗ ರಟ್ಟರು ಆಳಿದರು. ಅವರ ಮಂತ್ರಿ ಬೀಚಿರಾಜ 1204ರಲ್ಲಿ ಕಟ್ಟಿಸಿದ ಕಮಲ ಬಸದಿ ಕೋಟೆಯೊಳಗೆ ಇಂದಿಗೂ ನೆಟ್ಟಗಿದೆ. ರಟ್ಟರನ್ನು ದೇವಗಿರಿಯ ಸೇವುಣರು ನುಂಗಿದರು, ಮುಂದೆ ವಿಜಯನಗರದವರು ಬಂದರು, ಅವರಿಂದ ಬಹಮನಿಗಳ ಮಹಮೂದ್ ಗವಾನ್ 1472ರ ಸುಮಾರಿಗೆ ಕೋಟೆಯನ್ನು ಕಿತ್ತುಕೊಂಡ. ಬಹಮನಿ ಒಡೆದು ಚೂರಾದಾಗ ಊರು ವಿಜಯಪುರದ ಆದಿಲಶಾಹಿಗೆ ಹೋಯಿತು; ಅವರ ಸರದಾರ ಅಸದ್ ಖಾನ್ ಅದೇ ಕೋಟೆಯಲ್ಲಿ ಸಫಾ ಮಸೀದಿ ಎಬ್ಬಿಸಿದ. 1686ರಲ್ಲಿ ವಿಜಯಪುರವನ್ನು ಗೆದ್ದ ಔರಂಗಜೇಬ ತನ್ನ ಮಗನ ಹೆಸರು ಹಚ್ಚಿ ನಮ್ಮನ್ನು ಆಜಂನಗರದವರನ್ನಾಗಿ ಮಾಡಿದ. ಆಮೇಲೆ ಪೇಶ್ವೆಗಳು, ನಡುವೆ ಹೈದರ್ ಅಲಿ, ಮತ್ತೆ ಪೇಶ್ವೆಗಳು, 1818ರಲ್ಲಿ ಇಂಗ್ಲಿಷರು. ಇಂಗ್ಲಿಷರು ಬಿಟ್ಟುಹೋದ ಕ್ಯಾಂಪಿನಲ್ಲಿ ಈಗ ಮರಾಠಾ ಲಘು ಪದಾತಿದಳದ ಕೇಂದ್ರವಿದೆ. ಗಡಿ ಯುದ್ಧದ ಊರಿನಲ್ಲಿ ಇರುವ ನಿಜವಾದ ಸೈನಿಕರು ಇವರೊಬ್ಬರೇ. ಈ ಯುದ್ಧಕ್ಕೂ ತಮಗೂ ಸಂಬಂಧವಿಲ್ಲದವರಂತೆ ದಿನವೂ ಬೆಳಿಗ್ಗೆ ಓಡಿ ಬೆವರಿ ಒಳಗೆ ಹೋಗುತ್ತಾರೆ.

ಆ ಹಳೆಯ ದಂಡುಗಳಿಗೂ ಈಗಿನವಕ್ಕೂ ನನಗೆ ಕಾಣುವ ವ್ಯತ್ಯಾಸ ಒಂದೇ. ಅವರು ಕೋಟೆಯನ್ನು ಹಿಡಿಯುತ್ತಿದ್ದರು, ಇವರು ಬಸ್ಸನ್ನು ಹಿಡಿಯುತ್ತಾರೆ. ಗವಾನ್ ಕಂದಕ ದಾಟಿ, ಗೋಡೆಯ ಬುಡಕ್ಕೆ ಸುರಂಗ ಕೊರೆದು, ಮದ್ದು ತುಂಬಿ ಸಿಡಿಸಬೇಕಾಯಿತು. ಈಗ ಒಂದು ಡಬ್ಬಿ ಮಸಿ ಸಾಕು. ಪುಣೆಯಲ್ಲಿ ನಮ್ಮ ಬಸ್ಸಿಗೆ ಬಳಿದರೆ ಇಲ್ಲಿ ಅವರ ಬಸ್ಸಿಗೆ ಬಳಿಯುತ್ತಾರೆ. ಒಳಗೆ ಕುಳಿತವರಲ್ಲಿ ಅರ್ಧ ಜನ ಕನ್ನಡ ಮಾತನಾಡುವ ಮರಾಠಿಗರು, ಉಳಿದರ್ಧ ಮರಾಠಿ ಮಾತನಾಡುವ ಕನ್ನಡಿಗರು. ಎರಡೂ ಬಾರದ ಒಬ್ಬನಿದ್ದರೆ ಅವನು ಬೆಂಗಳೂರಿನಿಂದ ವರ್ಗವಾಗಿ ಬಂದ ಅಧಿಕಾರಿ. ಬಸ್ಸಿಗೆ ಮಾತೃಭಾಷೆಯಿಲ್ಲ, ಡೀಸೆಲ್ ಇದ್ದರೆ ಓಡುತ್ತದೆ, ಹಾಗಾಗಿ ಶತ್ರುವಾಗಲು ಅದಕ್ಕಿಂತ ಯೋಗ್ಯ ವಸ್ತು ಸಿಗಲಿಲ್ಲ.

ಆ ಸಲದ ಯುದ್ಧಕ್ಕೆ ಕಾರಣ ಯಾರೆಂದು ಹುಡುಕಿದರೆ, ನೋಡಿ, ಅತ್ತೆಯ ಕಡೆಯವರೇ. ಜತ್ತದ ಪೂರ್ವಭಾಗದ ಹಳ್ಳಿಗಳು ಬರದಲ್ಲಿ ಬೆಂದು, 2012ರ ಸುಮಾರಿಗೆ, ನೀರು ಕೊಡದಿದ್ದರೆ ಕರ್ನಾಟಕಕ್ಕೆ ಹೋಗುತ್ತೇವೆಂದು ಠರಾವು ಮಾಡಿದ್ದವು. ಅದು ಮುಂಬಯಿಯನ್ನು ಹೆದರಿಸಲು ಮಾಡಿದ್ದು. ತವರಿಗೆ ಹೋಗುತ್ತೇನೆಂದು ಹೆಂಡತಿ ಗಂಡನನ್ನು ಹೆದರಿಸುವುದಿಲ್ಲವೇ, ಅಂಥದ್ದು. ಮುಂಬಯಿ ಹೆದರಲಿಲ್ಲ. ಠರಾವು ಹತ್ತು ವರ್ಷ ಅಲ್ಲಿನ ಕೆರೆಗಳ ಜೊತೆಗೇ ಒಣಗಿತು. 2022ರ ನವೆಂಬರಿನಲ್ಲಿ ನಮ್ಮ ಮುಖ್ಯಮಂತ್ರಿ ಬಸವರಾಜ ಬೊಮ್ಮಾಯಿಯವರಿಗೆ ಅದು ಥಟ್ಟನೆ ನೆನಪಾಯಿತು. ಜನ ಕೇಳಿದ್ದು ಕೊಡ ನೀರು, ಕೊಡಲು ಬಂದದ್ದು ಇಡೀ ರಾಜ್ಯ.

ಅತ್ತ ಮಹಾರಾಷ್ಟ್ರದ ಇಬ್ಬರು ಮಂತ್ರಿಗಳು ಬೆಳಗಾವಿಗೆ ಬಂದೇ ಬರುತ್ತೇವೆಂದು ಸಾರಿದರು. ಇತ್ತ ಜಿಲ್ಲಾಡಳಿತ ಅವರ ಪ್ರವೇಶವನ್ನು ನಿಷೇಧಿಸಿತು. ಅವರು ಬರಲಿಲ್ಲ. ಬಾರದ ಶತ್ರುವನ್ನು ಹಿಮ್ಮೆಟ್ಟಿಸಿದ ಕೀರ್ತಿ ನಮ್ಮದಾಯಿತು, ಹೊರಡದೆಯೇ ದಂಡಯಾತ್ರೆ ಮಾಡಿದ ಕೀರ್ತಿ ಅವರದಾಯಿತು. ನಿಂತದ್ದು ಬಸ್ಸು ಮಾತ್ರ.

ಹಾಗೆಂದು ನಮ್ಮ ಊರಿಗೆ ದಂಡು ಬರುವುದೇ ಇಲ್ಲವೆಂದಲ್ಲ. ವರ್ಷಕ್ಕೊಮ್ಮೆ ಚಳಿ ಬೀಳುತ್ತಲೇ ಬರುತ್ತದೆ, ಐನೂರು ಕಿಲೋಮೀಟರು ದೂರದ ಬೆಂಗಳೂರಿನಿಂದ, ಕಡತ, ಅಡುಗೆಯವರ ಸಮೇತ. ಬೆಳಗಾವಿ ನಮ್ಮದೇ ಎಂದು ತೋರಿಸಲು 2006ರಲ್ಲಿ ಇಲ್ಲಿ ಮೊದಲ ಅಧಿವೇಶನ ನಡೆಸಿದರು. 2012ರಲ್ಲಿ ಹೆದ್ದಾರಿಯ ಪಕ್ಕ ಸುವರ್ಣ ವಿಧಾನಸೌಧವನ್ನೇ ಎಬ್ಬಿಸಿದರು. ಹತ್ತು ದಿನ ಹೋಟೆಲಿನ ಕೋಣೆಗಳೆಲ್ಲ ಅವರ ವಶ, ರಸ್ತೆಗಳೆಲ್ಲ ಅವರ ವಶ. ಉತ್ತರ ಕರ್ನಾಟಕದ ಚರ್ಚೆಯನ್ನು ಕೊನೆಗಿಟ್ಟುಕೊಳ್ಳುತ್ತಾರೆ. ಅಷ್ಟರಲ್ಲಿ ಕುಂದಾ ಕಟ್ಟಿಸಿಕೊಂಡು ಅರ್ಧ ಸದನ ಗಾಡಿ ಹತ್ತಿರುತ್ತದೆ. ಅದೇ ದಿನಗಳಲ್ಲಿ, ಬೆಳಗಾವಿ ಮಹಾರಾಷ್ಟ್ರಕ್ಕೆ ಸೇರಬೇಕೆನ್ನುವ ಮಹಾರಾಷ್ಟ್ರ ಏಕೀಕರಣ ಸಮಿತಿಯವರು ಮಹಾಮೇಳಾವ ಎಂಬ ದೊಡ್ಡ ಸಭೆ ಮಾಡುತ್ತೇವೆನ್ನುತ್ತಾರೆ, ಪೊಲೀಸರು ಬೇಡವೆನ್ನುತ್ತಾರೆ, ತಳ್ಳಾಟವಾಗುತ್ತದೆ, ಫೋಟೊ ಬರುತ್ತದೆ. ನವೆಂಬರ್ 1ಕ್ಕೆ ಒಂದು ರಸ್ತೆಯಲ್ಲಿ ರಾಜ್ಯೋತ್ಸವ, ಇನ್ನೊಂದರಲ್ಲಿ ಕರಾಳ ದಿನ. ಹಳದಿ ಕೆಂಪು ಬಟ್ಟೆಯೂ ಕರಿ ಬಟ್ಟೆಯೂ ಒಂದೇ ಅಂಗಡಿಯಿಂದ ಹೋಗುತ್ತವೆಂದು ನನ್ನ ಗುಮಾನಿ.

ಉಳಿದ ಮುನ್ನೂರೈವತ್ತು ಚಿಲ್ಲರೆ ದಿನ ಆ ಸೌಧ ಏನು ಮಾಡುತ್ತದೆ? ಬಿಸಿಲು ಕಾಯುತ್ತದೆ. ಅದೇ 2022ರ ಬೇಸಿಗೆಯಲ್ಲಿ ಅಲ್ಲಿ ಕೂಲಿಗಿದ್ದ ಹೆಣ್ಣುಮಗಳೊಬ್ಬಳು ಇಷ್ಟು ಒಳ್ಳೆಯ ಬಿಸಿಲು, ಇಷ್ಟು ಒಳ್ಳೆಯ ಕಲ್ಲುಹಾಸು ಸುಮ್ಮನೆ ಹಾಳಾಗುತ್ತಿದೆಯಲ್ಲ ಎಂದು ಅದರ ಮುಂದೆ ಶಾವಿಗೆ ಒಣಹಾಕಿದಳು. ಫೋಟೊ ನಾಡಿನ ತುಂಬ ಓಡಾಡಿತು. ಸರಕಾರಕ್ಕೆ ಅಪಮಾನವಾಗಿ ಅವಳ ಕೆಲಸ ಹೋಯಿತು. ಜನ ಛೀಮಾರಿ ಹಾಕಿದ ಮೇಲೆ ಮರಳಿ ಸಿಕ್ಕಿತು. ಎಂಟು ನೂರು ವರ್ಷಗಳಲ್ಲಿ ಈ ಊರಿನ ಸರಕಾರಿ ಕಟ್ಟಡವೊಂದನ್ನು ಹೊರಗಿನವರ ಕೈಯಿಂದ ಬಿಡಿಸಿ ಸ್ಥಳೀಯರ ಉಪಯೋಗಕ್ಕೆ ತಂದವಳು ಅವಳೊಬ್ಬಳೇ ಇರಬೇಕು. ಅವಳ ಹೆಸರಿಗೆ ವೃತ್ತವಿಲ್ಲ.

ಅಥಣಿಯಲ್ಲಿ ಇಳಿದು, ಟಂಟಂ ಆಟೊ ಹಿಡಿದು, ಅದರ ಚಾಲಕನೂ ಗಡಿಯ ಹತ್ತಿರ ಕೈಯೆತ್ತಿದ ಮೇಲೆ ನಡೆದೆ. ಕೃಷ್ಣೆಯ ನೀರುಂಡ ಕಬ್ಬು ಹಿಂದೆ ಉಳಿಯಿತು, ಮುಂದೆ ಬಿಳಿಜೋಳ ಮತ್ತು ಜಾಲಿ. ಗಡಿ ಎಲ್ಲಿದೆಯೆಂದು ಯಾರನ್ನೂ ಕೇಳಬೇಕಾಗಲಿಲ್ಲ, ಡಾಂಬರು ಮುಗಿದಿತ್ತು. ಅದೇ ತಿಂಗಳ 22ಕ್ಕೆ ನಮ್ಮ ವಿಧಾನಸಭೆ ಬೆಳಗಾವಿಯಲ್ಲಿ ಕೂತು ಒಂದಿಂಚೂ ಬಿಡುವುದಿಲ್ಲವೆಂದು ನಿರ್ಣಯ ಮಾಡಿತು. 27ಕ್ಕೆ ಅವರದು ನಾಗಪುರದಲ್ಲಿ ಕೂತು 865 ಹಳ್ಳಿಗಳ ಇಂಚಿಂಚೂ ಬೇಕೆಂದಿತು. ಎರಡೂ ಕಡೆ ಸರ್ವಾನುಮತ. ಆಡಳಿತ ಪಕ್ಷವೂ ವಿರೋಧ ಪಕ್ಷವೂ ಬೆಲ್ಲಕ್ಕಂಟಿದ ನೊಣದಂತೆ ಒಂದಾಗಿದ್ದವು. ನಾನು ಸೂಟ್‌ಕೇಸು ಹೊತ್ತು ದಾಟಿದ ಆ ಇಪ್ಪತ್ತು ಮಾರು ರಸ್ತೆಯಲ್ಲಿ ಎಷ್ಟು ಇಂಚುಗಳಿದ್ದವೋ! ಒಂದಿಂಚೂ ಬಿಡದವರೂ ಇಂಚಿಂಚೂ ಬೇಕೆನ್ನುವವರೂ ಅದರ ಗುಂಡಿಗಳನ್ನು ಮಾತ್ರ ದೊಡ್ಡ ಮನಸ್ಸಿನಿಂದ ಒಬ್ಬರಿಗೊಬ್ಬರು ಬಿಟ್ಟುಕೊಟ್ಟಿದ್ದರು.

ಅತ್ತೆ ಕಪ್ಪು ಕನ್ನಡಕ ಹಾಕಿಕೊಂಡು ಕಟ್ಟೆಯ ಮೇಲೆ ಕುಳಿತಿದ್ದಳು. ಕುಂದಾದ ಪೊಟ್ಟಣವನ್ನು ಮೊದಲು ಮೂಸಿದಳು, ಆಮೇಲೆ ನನ್ನ ಆರೋಗ್ಯ ವಿಚಾರಿಸಿದಳು. ಯಾಕಿಷ್ಟು ತಡ ಎಂದಾಗ ಎಲ್ಲ ಹೇಳಿದೆ. ಗಡಿ ತಂಟೆ ಬಗೆಹರಿಸಲು ಕೇಂದ್ರ ನೇಮಿಸಿದ್ದ ಮಹಾಜನ ಆಯೋಗದ್ದೂ ಹೇಳಿದೆ: 1967ರ ವರದಿಯಲ್ಲಿ ಅದು ಖಾನಾಪುರ, ನಿಪ್ಪಾಣಿ ಸೇರಿ 264 ಊರುಗಳನ್ನು ಮಹಾರಾಷ್ಟ್ರಕ್ಕೆ, ಜತ್ತ, ಅಕ್ಕಲಕೋಟೆ, ಸೊಲ್ಲಾಪುರದ ಕಡೆಯ 247 ಊರುಗಳನ್ನು ನಮಗೆ ಹಂಚಿ, ಬೆಳಗಾವಿ ನಗರ ಇದ್ದಲ್ಲೇ ಇರಲಿ ಎಂದಿತ್ತು. ಆಯೋಗ ಬೇಕೆಂದು ಹಟ ಹಿಡಿದಿದ್ದ ಮಹಾರಾಷ್ಟ್ರವೇ ವರದಿ ಬಂದ ಮೇಲೆ ಬೇಡವೆಂದಿತು. 2004ರಲ್ಲಿ ಸುಪ್ರೀಂ ಕೋರ್ಟಿಗೆ ಹೋಯಿತು.

“ಕೋರ್ಟು ಏನೆಂದಿತು?”

“ಇನ್ನೂ ಏನೂ ಎಂದಿಲ್ಲ.”

ಅತ್ತೆ ಸ್ವಲ್ಪ ಹೊತ್ತು ಕುಂದಾ ಸವಿದಳು. ಜಮೀನಿನ ಮೇಲೆ ಮೂರು ದಾವೆ ನಡೆಸಿದವಳು, ಲೆಕ್ಕ ಬಿಡುವವಳಲ್ಲ. “ಕರ್ನಾಟಕ ಗೆದ್ದರೆ?”

“ನಾವಿಬ್ಬರೂ ಕರ್ನಾಟಕ.”

“ಮಹಾರಾಷ್ಟ್ರ ಗೆದ್ದರೆ?”

“ಇಬ್ಬರೂ ಮಹಾರಾಷ್ಟ್ರ.”

“ಇಬ್ಬರೂ ಕೇಳಿದ್ದನ್ನು ಇಬ್ಬರಿಗೂ ಕೊಟ್ಟುಬಿಟ್ಟರೆ?”

ಬೆರಳು ಮಡಚಿ ನೋಡಿದೆ. ನಾನು ಮಹಾರಾಷ್ಟ್ರಕ್ಕೆ ಹೋಗುತ್ತೇನೆ, ಅವಳು ಕರ್ನಾಟಕಕ್ಕೆ ಬರುತ್ತಾಳೆ.

“ಆಗ ಬಸ್ಸು?”

“ಈಗ ನಿಂತಲ್ಲಿಯೇ ನಿಲ್ಲುತ್ತದೆ, ಅತ್ತೆ. ಮಸಿ ಬಳಿಯುವವರು ಮಾತ್ರ ಈ ಕಡೆಯವರು ಆ ಕಡೆಗೆ ಹೋಗಬೇಕಾಗುತ್ತದೆ.”

“ಹೇಗೂ ನಡೆಯುವುದು ತಪ್ಪುವುದಿಲ್ಲ ಎಂದಾಯಿತು,” ಎಂದು ಅತ್ತೆ ಪೊಟ್ಟಣ ಮಡಚಿ ಸೊಸೆಗೆ ಕಾಣದಂತೆ ಸೆರಗಿನೊಳಗೆ ಇಟ್ಟುಕೊಂಡಳು. “ಮುಂದಿನ ಸಲ ಒಂದು ಕಿಲೊ ತಾ.”