ಪ್ಯೂಜೆಟ್ ಹೆಸರು ಮೊದಲು ದಕ್ಷಿಣ ಭಾಗಕ್ಕಷ್ಟೇ ಇತ್ತು
1792ರಲ್ಲಿ ಬ್ರಿಟಿಷ್ ನೌಕಾಪಡೆಯ ಕ್ಯಾಪ್ಟನ್ ಜಾರ್ಜ್ ವ್ಯಾಂಕೂವರ್ ಅಮೆರಿಕದ ವಾಯವ್ಯ ಕರಾವಳಿಯಲ್ಲಿ ಸಿಯಾಟಲ್ ಸುತ್ತ ಒಳನುಗ್ಗಿರುವ ಸಮುದ್ರದ ನೀರಿಗೆಲ್ಲ 'ಪ್ಯೂಜೆಟ್ ಸೌಂಡ್' ಎಂದು ಹೆಸರಿಟ್ಟ ಅಂತ ನಿಮ್ಮ ಲೇಖನದಲ್ಲಿ ಬರೆದಿದ್ದೀರಿ. ಇದು ಸರಿಯಲ್ಲ. ಅವನು ಆ ಹೆಸರು ಕೊಟ್ಟಿದ್ದು ಟಕೋಮಾ ನ್ಯಾರೋಸ್ ಎಂಬ ಇಕ್ಕಟ್ಟಾದ ಜಲಸಂಧಿಯಿಂದ ದಕ್ಷಿಣದ ಭಾಗಕ್ಕೆ ಮಾತ್ರ. ಅವನ ಕೈಕೆಳಗಿನ ಲೆಫ್ಟಿನೆಂಟ್ ಪೀಟರ್ ಪ್ಯೂಜೆಟ್ ಸಣ್ಣ ದೋಣಿಗಳಲ್ಲಿ ಸುತ್ತಿ ಅಳೆದದ್ದು ಆ ಭಾಗವನ್ನೇ. ಉತ್ತರಕ್ಕೆ ಅಡ್ಮಿರಾಲ್ಟಿ ಇನ್‌ಲೆಟ್ ಎಂಬ ಬೇರೆ ಹೆಸರೇ ಇತ್ತು. ಜನ ಬಳಸುತ್ತಾ ಹೋದ ಹಾಗೆ ಪ್ಯೂಜೆಟ್ ಹೆಸರು ಉತ್ತರಕ್ಕೂ ಹಬ್ಬಿತು.

ಮೊದಲಿನ ಆ ಗಡಿ ಇವತ್ತಿಗೂ ಕಣ್ಣಿಗೆ ಕಾಣುತ್ತದೆ. ಇಳಿತದ ಹೊತ್ತಿಗೆ ನ್ಯಾರೋಸ್ ಸೇತುವೆ ಮೇಲೆ ನಡೆಯುತ್ತಾ ಕೆಳಗೆ ನೋಡಿ. ನೀರು ಹೊಳೆಯ ಹಾಗೆ ಒಂದೇ ದಿಕ್ಕಿಗೆ ಓಡುತ್ತಿರುತ್ತದೆ, ಕಂಬಗಳ ಬುಡದಲ್ಲಿ ಸುಳಿ ಏಳುತ್ತಿರುತ್ತದೆ. ಹಿಮನದಿ ಕೊರೆದ ಈ ತಗ್ಗಿನ ತಳದಲ್ಲಿ ಅಲ್ಲೊಂದು ದಿಬ್ಬವಿದೆ. ದಕ್ಷಿಣದ ನೀರು ಅದನ್ನು ದಾಟಿಯೇ ಹೋಗಬೇಕು, ಬರಬೇಕು.

'ಸೇಲಿಷ್ ಸೀ' ಅನ್ನೋದು ಪ್ಯೂಜೆಟ್‌ನ ಹೊಸ ಹೆಸರು ಅಂತ ನೀವು ಬರೆದದ್ದೂ ಸರಿಯಲ್ಲ. ಅಮೆರಿಕ 2009ರಲ್ಲಿ ಒಪ್ಪಿದ ಆ ಹೆಸರಿನಲ್ಲಿ ಜಾರ್ಜಿಯಾ, ವಾನ್ ಡಿ ಫ್ಯೂಕಾ ಜಲಸಂಧಿಗಳೂ ಸೇರುತ್ತವೆ. ಪ್ಯೂಜೆಟ್ ಅದರ ಒಂದು ಭಾಗ ಅಷ್ಟೇ. ಹೆಸರುಗಳ ಬಗ್ಗೆ ಇಷ್ಟು ಉದ್ದ ಬರೆದು, ಇಲ್ಲಿನ ಮೂಲನಿವಾಸಿಗಳ ಲಶೂಟ್‌ಸೀಡ್ ಭಾಷೆಯಲ್ಲಿ ಈ ನೀರಿಗಿರುವ 'ಹ್ವಲ್ಚ್' ಅನ್ನೋ ಹೆಸರನ್ನೇ ಬಿಟ್ಟರೆ ಹೇಗೆ? ದಯವಿಟ್ಟು ಸೇರಿಸಿ.