ಮೂರು ಕಲ್ಲು, ಹಸಿ ಸೌದೆ, ಒಂದು ಹಾಡು

ತುಮಕೂರಿನ ಕ್ಯಾತ್ಸಂದ್ರದಲ್ಲಿ ನಮ್ಮ ಹಿಂದಿನ ಬೀದಿಯ ಹುಡುಗನೊಬ್ಬ ಟಿ.ವಿ. ಹಾಡಿನ ಶೋಗೆ ಆಯ್ಕೆಯಾದ. ಒಳ್ಳೆ ಕಂಠ. ಗಣೇಶನ ಪೆಂಡಾಲಿನಲ್ಲಿ ಹಾಡಿದರೆ ಎದುರು ಹೋಟೆಲಿನಲ್ಲಿ ತಟ್ಟೆ ಇಡ್ಲಿ ತಿನ್ನುತ್ತಿದ್ದವರು ಎಂಜಲು ಕೈಯಲ್ಲೇ ಎದ್ದು ಬಂದು ನಿಲ್ಲುತ್ತಿದ್ದರು. ಮುಂದಿನ ವಾರವೇ ಅವನ ಮನೆಗೆ ಶೂಟಿಂಗ್‌ನವರು ಬಂದರು. ಬಂದವರು ಹಾಡು ಕೇಳಲಿಲ್ಲ. "ಅಮ್ಮ, ನಿಮ್ಮನೇಲಿ ಕಷ್ಟ ಏನೇನಿದೆ?" ಅಂತ ಕೇಳಿದರು.

ಕಷ್ಟ ಅನ್ನುವಂಥದ್ದೇನೂ ಇರಲಿಲ್ಲ. ಅಪ್ಪ ಸರ್ಕಾರಿ ಗುಮಾಸ್ತ. ತಾರಸಿ ಮನೆ, ಸೋಫಾ, ಬಾಗಿಲಲ್ಲಿ ಸ್ಕೂಟರು. ಬಂದವರ ಮುಖ ಬಾಡಿತು. ಒಬ್ಬ ಸುಮ್ನೆ ಹಿತ್ತಲಿಗೆ ಹೋಗಿ ನೋಡಿಕೊಂಡು ಬಂದ. ಆಮೇಲೆ ಕೆಲಸ ಚುರುಕಾಯಿತು. ಮೂರು ಕಲ್ಲು ಜೋಡಿಸಿ ಒಲೆ ಮಾಡಿದರು. ಸೌದೆ ಬೇಕು, ಹಸೀದೇ ಆಗಲಿ ಅಂದರು. ಅಡುಗೆಮನೆಯಲ್ಲಿ ಎರಡು ಸಿಲಿಂಡರ್ ಇಟ್ಟುಕೊಂಡ ಆ ತಾಯಿಯನ್ನು ಒಲೆ ಮುಂದೆ ಕೂರಿಸಿ, ಊದುಗೊಳವೆ ಕೈಗೆ ಕೊಟ್ಟರು. ಅವರು ಊದಿದರು. ಹೊಗೆಗೆ ಕಣ್ಣಲ್ಲಿ ನೀರು ಬಂತು.

"ಸೂಪರ್ ಅಮ್ಮ, ಒರೆಸ್ಕೋಬೇಡಿ" ಅಂದ ಕ್ಯಾಮೆರಾದವನು.

ಅಪ್ಪನಿಗೆ ಬೇರೆ ಪಾತ್ರ. ಸ್ಕೂಟರು ಒಳಗೆ ತಳ್ಳಿಸಿ, ಪಕ್ಕದ ಮನೆಯ ಹಳೇ ಸೈಕಲ್ ಕೊಟ್ಟು, ತಲೆ ತಗ್ಗಿಸಿ ನಡ್ಕೊಂಡು ಹೋಗಿ ಅಂದರು. ಭಾನುವಾರ ರಾತ್ರಿ ಅದನ್ನು ನಿಧಾನಗತಿಯಲ್ಲಿ ತೋರಿಸಿದಾಗ, ಹಿಂದೆ ಕೊಳಲು ಬೇರೆ ನುಡಿಸಿದರು. ಜಡ್ಜ್‌ಗಳು ಅತ್ತರು. ನಮ್ಮ ಬೀದಿ ಪೂರಾ ಅತ್ತಿತು. ನಾನೂ ಅತ್ತೆ, ಸುಳ್ಳು ಯಾಕೆ ಹೇಳಲಿ. ಆ ಹಸಿ ಸೌದೆ ತಂದುಕೊಟ್ಟವನೇ ನಾನು.

ಅವತ್ತು ಅವನು ಏನು ಹಾಡಿದ ಅಂತ ಕೇಳಿದರೆ ಇವತ್ತು ಬೀದಿಯಲ್ಲಿ ಒಬ್ಬರಿಗೂ ನೆನಪಿಲ್ಲ.

ಈ ವಿಷಯವನ್ನು ಜರ್ಮನಿಯಲ್ಲಿ ಓದುತ್ತಿರುವ ಅಣ್ಣನ ಮಗನಿಗೆ ಫೋನಿನಲ್ಲಿ ಹೇಳಿ ನಕ್ಕೆ. ಅವನು, "ಚಿಕ್ಕಪ್ಪ, ನೀವು ಇದನ್ನ ಬರೀ ಊರಿಗಾಗಿ ಮಾಡ್ತೀರ, ಇಲ್ಲಿ ದೇಶಕ್ಕಾಗಿ ಮಾಡ್ತಾರೆ" ಅಂದ. ಅಲ್ಲಿ ಯೂರೋವಿಷನ್ ಅಂತ ಹಾಡಿನ ಸ್ಪರ್ಧೆ ಇದೆ. 1956ರಲ್ಲಿ ಸ್ವಿಟ್ಜರ್ಲೆಂಡಿನ ಲುಗಾನೋದಲ್ಲಿ 7 ದೇಶ ಸೇರಿ ಶುರು ಮಾಡಿದ್ದು. ಈಗ ಸಾಲದ್ದಕ್ಕೆ ಆಸ್ಟ್ರೇಲಿಯಾ ಕೂಡ ಬರುತ್ತದೆ. ಯುರೋಪಿನ ಸ್ಪರ್ಧೆಗೆ ಆಸ್ಟ್ರೇಲಿಯಾ ಯಾಕೆ ಅಂತ ಕೇಳಬೇಡಿ, ಬೀಗರ ಊಟಕ್ಕೆ ಬಂದವರ ನೆಂಟಸ್ತಿಕೆಯನ್ನು ಎಲೆ ಮುಂದೆ ಕೂತಮೇಲೆ ಯಾರೂ ಕೇಳುವುದಿಲ್ಲ. ಒಂದು ದೇಶಕ್ಕೆ ಒಂದು ಹಾಡು. ಹಾಡು 3 ನಿಮಿಷ ದಾಟುವ ಹಾಗಿಲ್ಲ. ಯಾರನ್ನು ಕಳಿಸಬೇಕು ಅಂತ ಆರಿಸಲು ಎಷ್ಟೋ ದೇಶಗಳು ವಾರಗಟ್ಟಲೆ, ತಿಂಗಳುಗಟ್ಟಲೆ ಟಿ.ವಿ.ಯಲ್ಲಿ ಶೋ ನಡೆಸುತ್ತವೆ. 3 ನಿಮಿಷದ ಮದುವೆಗೆ ಮೂರು ತಿಂಗಳ ಹೆಣ್ಣು ನೋಡುವ ಶಾಸ್ತ್ರ.

ನನಗೆ ಕುತೂಹಲ ಹೆಚ್ಚಾಯಿತು. ಒಂದೊಂದೇ ಕೆದಕಿದೆ.

ಜರ್ಮನಿಯದ್ದೇ ನೋಡಿ. 2015ರಲ್ಲಿ ಟಿ.ವಿ.ಯಲ್ಲಿ ಲೈವ್ ಆಯ್ಕೆ. ಆಂಡ್ರಿಯಾಸ್ ಕ್ಯೂಮರ್ಟ್ ಅನ್ನುವ ಗಾಯಕ ಗೆದ್ದ. ಅದಕ್ಕೂ ಮುಂಚೆ ಇನ್ನೊಂದು ಟ್ಯಾಲೆಂಟ್ ಶೋ ಗೆದ್ದುಬಂದವನು. ಕೊನೆಯ ಸುತ್ತಿನಲ್ಲಿ ನೂರಕ್ಕೆ 78ರಷ್ಟು ಜನ ಅವನಿಗೇ ವೋಟು ಹಾಕಿದ್ದರು. ಹೆಸರು ಕೂಗಿದರು, ಚಪ್ಪಾಳೆ ಬಿತ್ತು. ಅವನು ವೇದಿಕೆ ಮೇಲೇ, ಕ್ಯಾಮೆರಾ ಮುಂದೆಯೇ, ನಾನು ಹೋಗಲ್ಲ ಅಂದುಬಿಟ್ಟ. ಎರಡನೇ ಸ್ಥಾನದ ಆನ್ ಸೋಫಿ ಹೋಗಲಿ ಅಂದ. ತಾಳಿ ಕಟ್ಟುವ ಹೊತ್ತಿಗೆ ಗಂಡು ಎದ್ದು, ಪಕ್ಕದಲ್ಲಿ ಕೂತವನ ತಲೆಗೆ ಬಾಸಿಂಗ ಕಟ್ಟಿದ ಹಾಗೆ. ಆಕೆ ಪಾಪ ವಿಯೆನ್ನಾಗೆ ಹೋಗಿ ಹಾಡಿದಳು. ಬಂದ ಅಂಕ ಸೊನ್ನೆ. ಆ ವರ್ಷ ಊಟ ಹಾಕಿ ಕರೆಸಿಕೊಂಡ ಆಸ್ಟ್ರಿಯಾಗೂ ಸೊನ್ನೆಯೇ, ಅದೊಂದು ಸಮಾಧಾನ.

ಒಲ್ಲೆ ಅಂದವನ ಹಾಡಿನ ಹೆಸರು 'ಹಾರ್ಟ್ ಆಫ್ ಸ್ಟೋನ್'. ಹೋದವಳ ಹಾಡು 'ಬ್ಲ್ಯಾಕ್ ಸ್ಮೋಕ್'. ಕಲ್ಲು ಮತ್ತು ಹೊಗೆ. ಅಷ್ಟು ದೂರ ಯಾಕೆ ಹೋಗಬೇಕಿತ್ತು, ನಮ್ಮ ಹಿಂದಿನ ಬೀದಿಯ ಹಿತ್ತಲಲ್ಲೇ ಎರಡೂ ಇದ್ದವಲ್ಲ.

ಐರ್ಲೆಂಡ್ ಕಥೆ ಇನ್ನೂ ಚೆಂದ. 7 ಸಲ ಗೆದ್ದ ದೇಶ. 1992, 93, 94, ಸತತ ಮೂರು ವರ್ಷ ಅವರದ್ದೇ. ಆಮೇಲೆ ಅವರಿಗೂ ಟ್ಯಾಲೆಂಟ್ ಶೋ ಬುದ್ಧಿ ಬಂತು. 'ಯೂ ಆರ್ ಎ ಸ್ಟಾರ್' ಅಂತ ಶೋ ಮಾಡಿ 2003ರಿಂದ ಅದರಲ್ಲಿ ಗೆದ್ದವರನ್ನು ಕಳಿಸತೊಡಗಿದರು. ಮೊದಲ ವರ್ಷ 11ನೇ ಸ್ಥಾನ. ಎರಡನೇ ವರ್ಷ ಬಂದದ್ದು ಒಟ್ಟು 7 ಅಂಕ, ಅಷ್ಟೂ ಪಕ್ಕದ ಮನೆ ಬ್ರಿಟನ್ ಕೊಟ್ಟದ್ದು. ಮೂರನೇ ವರ್ಷ ಸೆಮಿಫೈನಲ್‌ನಲ್ಲೇ ಮನೆಗೆ. 2008ರಲ್ಲಿ ಜನ ಬೇಸತ್ತು ಟರ್ಕಿ ಕೋಳಿಯ ಒಂದು ಬೊಂಬೆಗೆ ವೋಟು ಹಾಕಿ ಕಳಿಸಿದರು. ಹೌದು, ಬೊಂಬೆ. ಅದೂ ಫೈನಲ್ ಮುಟ್ಟಲಿಲ್ಲ. ಆದರೆ ಬೊಂಬೆಯ ಅಮ್ಮನನ್ನು ಹುಡುಕಿಕೊಂಡು ಯಾರೂ ಒಲೆ ಹಚ್ಚಲಿಲ್ಲ, ಅಷ್ಟು ಮಾನ ಉಳಿಯಿತು.

ಇದರಲ್ಲಿ ತಮಾಷೆ ಎಲ್ಲಿದೆ ಗೊತ್ತಾ? ಯೂರೋವಿಷನ್‌ನಲ್ಲಿ ತಮ್ಮ ದೇಶಕ್ಕೆ ತಾವೇ ವೋಟು ಹಾಕುವ ಹಾಗಿಲ್ಲ. ಮೂರು ತಿಂಗಳು ಕೂತು ಅತ್ತು, ಹುಡುಗನ ಅಜ್ಜಿಯ ಮಂಡಿನೋವಿನ ತನಕ ಎಲ್ಲ ತಿಳಿದುಕೊಂಡು, ಕೈ ನೋಯುವಷ್ಟು ವೋಟು ಒತ್ತಿದ ಜನ ಆ ರಾತ್ರಿ ಬಾಯಿ ಮುಚ್ಚಿಕೊಂಡು ಕೂರಬೇಕು. ವೋಟು ಹಾಕುವವನು ಯಾವುದೋ ದೇಶದವನು. ಅವನಿಗೆ ಸೈಕಲ್ ಗೊತ್ತಿಲ್ಲ, ಹೊಗೆ ಗೊತ್ತಿಲ್ಲ, ಅಜ್ಜಿ ಗೊತ್ತಿಲ್ಲ. ಅವನ ಮುಂದೆ ಇರುವುದು 3 ನಿಮಿಷದ ಹಾಡು ಮಾತ್ರ. ಅದನ್ನೇ ಇಲ್ಲಿ ಯಾರೂ ಸರಿಯಾಗಿ ಕೇಳಿರುವುದಿಲ್ಲ.

ಗೆದ್ದವರಿಲ್ಲವೇ ಅಂದರೆ, ಇದ್ದಾರೆ. 2010ರಲ್ಲಿ ಇದೇ ಜರ್ಮನಿ ಇಂಥದ್ದೇ ಶೋದಲ್ಲಿ ಲೇನಾ ಅನ್ನುವ ಹುಡುಗಿಯನ್ನು ಆರಿಸಿ ಓಸ್ಲೋಗೆ ಕಳಿಸಿ ಗೆದ್ದಿತು. ಆಗಿನ್ನೂ 19 ವರ್ಷ ಅವಳಿಗೆ. ಒಬ್ಬನಿಗೆ ಬಂಪರ್ ಹೊಡೆದ ಕಥೆ ಹೇಳಿಯೇ ಲಾಟರಿ ಅಂಗಡಿಯವನು ಹತ್ತು ವರ್ಷ ಟಿಕೆಟ್ ಮಾರುತ್ತಿದ್ದ, ನೆನಪಿದೆಯಾ?

ನಮ್ಮ ಜಿಲ್ಲೆಗೆ ಹಾಡುಗಾರರನ್ನು ಆರಿಸುವುದು ಹೊಸದೇನಲ್ಲ. ಪಕ್ಕದ ಗುಬ್ಬಿಯಲ್ಲಿ 1884ರಲ್ಲೇ ನಾಟಕ ಕಂಪನಿ ಶುರುವಾಯಿತು. ಗುಬ್ಬಿ ವೀರಣ್ಣನವರ ಕಾಲಕ್ಕೆ ಅದು ನಾಡಿಗೇ ದೊಡ್ಡದು, ರಾಜ್‌ಕುಮಾರ್ ಅಂಥವರು ಹಾದುಬಂದ ಕಂಪನಿ. ಕಂಪನಿ ನಾಟಕಗಳಲ್ಲಿ ವೋಟಿಂಗ್ ಅಂದರೆ 'ಒನ್ಸ್ ಮೋರ್'. ಹಾಡು ಹಿಡಿಸಿದರೆ ಸತ್ತು ಬಿದ್ದ ಪಾತ್ರವೂ ಎದ್ದು ಇನ್ನೊಂದು ಸಲ ಹಾಡಿ ಮತ್ತೆ ಸಾಯಬೇಕಿತ್ತು ಅಂತ ನಮ್ಮಜ್ಜ ನಗುತ್ತಿದ್ದರು. ಹಿಡಿಸದಿದ್ದರೆ ಒಂದೇ ಸಲಕ್ಕೆ ಸಾವು. ಆ್ಯಪ್ ಇಲ್ಲ, ಬ್ರೇಕ್ ಇಲ್ಲ, ಫಲಿತಾಂಶ ಅಲ್ಲೇ.

ನಮ್ಮ ಹುಡುಗನಿಗೆ ವೋಟು ಹಾಕಿ ಅಂತ ಟೌನ್‌ಹಾಲ್ ಸರ್ಕಲ್‌ನಲ್ಲಿ ಫ್ಲೆಕ್ಸ್ ಬಿತ್ತು. ಅದರಲ್ಲಿ ಹುಡುಗನ ಫೋಟೊ ಅಂಚೆಚೀಟಿಯಷ್ಟು, ಶುಭ ಕೋರಿದ ಮುಖಂಡರದ್ದು ಬಾಗಿಲಿನಷ್ಟು. ನಾನೂ ಮನೆಯ ನಾಲ್ಕೂ ಫೋನಿನಿಂದ ಒತ್ತಿದೆ. ಎಂಟನೇ ವಾರ ಅವನು ಹೊರಬಿದ್ದ. ಎದುರಾಳಿಗೆ ಅಪ್ಪ ಅಮ್ಮ ಇಬ್ಬರೂ ಇರಲಿಲ್ಲವಂತೆ. ಅದರ ಮುಂದೆ ನಮ್ಮ ಒಲೆ ಎಲ್ಲಿ ನಿಲ್ಲಬೇಕು?

ಮೊನ್ನೆ ಅವರ ಮನೆಗೆ ಹೋಗಿದ್ದೆ. ಹುಡುಗ ಒಳಗೆ ಹಾಡಿಕೊಳ್ಳುತ್ತಿದ್ದ, ಮೊದಲಿಗಿಂತ ಚೆನ್ನಾಗಿ. ಕಾಫಿ ಗ್ಯಾಸ್ ಸ್ಟವ್ ಮೇಲೆಯೇ ಆಯಿತು. ಹಿತ್ತಲಲ್ಲಿ ಆ ಮೂರು ಕಲ್ಲು ಹಾಗೇ ಇದ್ದವು. ಓಡಾಡುವಾಗ ಎಡವುತ್ತೆ, ತೆಗೆದು ಹಾಕಲಾ ಅಂತ ಒಂದನ್ನು ಎತ್ತಿದೆ.

"ಇರಲಿ ಬಿಡಿ ಸಾರ್" ಅಂದರು ಅವರಪ್ಪ. "ಮುಂದಿನ ಸೀಸನ್‌ಗೆ ಮಗಳು ಆಡಿಷನ್ ಕೊಡ್ತಾಳೆ."